ಕಟ್ಟಡ ಒಂದು, ಕಟ್ಟಳೆ 57: ಪದೇ ಪದೇ ಕೇಳುವ ಪ್ರಶ್ನೆಗಳು

ನಾನು ನಾಲ್ಕು ವರ್ಷ ನಮ್ಮ ಅಪಾರ್ಟ್‌ಮೆಂಟಿನ ಕಮಿಟಿಯಲ್ಲಿದ್ದೆ. ನಮ್ಮಲ್ಲಿರುವ 57 ನಿಯಮಗಳಲ್ಲಿ ಒಂಬತ್ತು ನನ್ನ ಕೈಯಿಂದಲೇ ಹುಟ್ಟಿದವು. ಅದರಲ್ಲಿ ಎರಡನ್ನು ನೆನೆದರೆ ಈಗ ನಾಚಿಕೆಯಾಗುತ್ತದೆ, ಒಂದನ್ನು ನಾನೇ ದಿನಾ ಮುರಿಯುತ್ತೇನೆ. ಇದು ಎಲ್ಲರಿಗೂ ಗೊತ್ತು. ಹಾಗಾಗಿ ಹೊಸಬರು, ಹಳಬರು, ಹಾಸ್ಟೆಲಿನಲ್ಲಿರುವ ನೆಂಟರ ಮಕ್ಕಳು, ಒಂದೇ ಮನೆ ಹಂಚಿಕೊಂಡಿರುವ ಗೆಳೆಯರು ಎಲ್ಲರೂ ನನ್ನನ್ನೇ ಹಿಡಿದು ಕೇಳುತ್ತಾರೆ. ಲಿಫ್ಟಿನಲ್ಲಿ ನಿಲ್ಲಿಸಿ ಕೇಳುತ್ತಾರೆ (ಲಿಫ್ಟಿನಲ್ಲಿ ಮಾತಾಡುವುದು ನಿಯಮ 12ಕ್ಕೆ ವಿರುದ್ಧ). ಬಾಗಿಲ ಸಂದಿಯಲ್ಲಿ ಚೀಟಿ ತೂರಿಸಿ ಕೇಳುತ್ತಾರೆ (ಇದು ನಿಯಮ 33ಕ್ಕೆ). ಮತ್ತೆ ಮತ್ತೆ ಬಂದ ಪ್ರಶ್ನೆಗಳನ್ನು ಕೇಳಿದವರ ಮಾತಿನಲ್ಲೇ ಇಲ್ಲಿ ಇಟ್ಟಿದ್ದೇನೆ. ಹೆಸರು ಹಾಕಿಲ್ಲ. ಪಾಪ, ಎಲ್ಲರೂ ಇನ್ನೂ ಅಲ್ಲೇ ಬದುಕಬೇಕಲ್ಲ.

## ಈಗಷ್ಟೇ ಸಾಮಾನು ಇಳಿಸಿದವರಿಗೆ

ನಿಯಮದ ಪುಸ್ತಕ ಕೊಟ್ಟಿದ್ದಾರೆ, 42 ಪುಟ ಇದೆ. ಪೂರ್ತಿ ಓದಲೇಬೇಕಾ?

ಬೇಡ. ಓದಿದವರು ಯಾರೂ ಇಲ್ಲ. ಬರೆದವರೂ ಓದಿಲ್ಲ. ಹಿಂದಿನ ಕಮಿಟಿ ಬಿಟ್ಟುಹೋದದ್ದರ ಬಾಲಕ್ಕೆ ತಮ್ಮದನ್ನು ಕಟ್ಟಿದ್ದಾರೆ, ಅಷ್ಟೆ. ಅದಕ್ಕೇ ನಮ್ಮ ನಿಯಮ 8 ಪ್ರಕಾರ ಸಂಜೆ ಏಳರ ಮೇಲೆ ಮಕ್ಕಳು ಅಂಗಳದಲ್ಲಿ ಆಡಬಾರದು. ನಿಯಮ 29ರ ಪ್ರಕಾರ ಮಕ್ಕಳು ಸಂಜೆ ಏಳರಿಂದ ಎಂಟರವರೆಗೆ ಮಾತ್ರ ಆಡಬೇಕು. ಎರಡನ್ನೂ ಸರಿದೂಗಿಸುವ ದಾರಿಯನ್ನು ಮಕ್ಕಳೇ ಕಂಡುಕೊಂಡಿದ್ದಾರೆ: ಯಾವಾಗ ಬೇಕೋ ಆಗ ಆಡುತ್ತಾರೆ.

ಕೊನೆಯ ಪುಟ ಮಾತ್ರ ಓದಿ. ದಂಡದ ಪಟ್ಟಿ ಅಲ್ಲಿರುತ್ತದೆ. ಒಂದು ಕಟ್ಟಡ ಯಾವುದಕ್ಕೆ ಹೆದರುತ್ತದೆ ಅಂತ ಅದನ್ನು ನೋಡಿದರೆ ಗೊತ್ತಾಗುತ್ತದೆ. ನಮ್ಮಲ್ಲಿ ಮೂರು ತಿಂಗಳು ಮೇಂಟೆನೆನ್ಸ್ ಕಟ್ಟದವರಿಗಿಂತ ಬಾಲ್ಕನಿಯಾಚೆ ಟವೆಲ್ ಕಾಣಿಸಿದವರಿಗೆ ಜಾಸ್ತಿ ದಂಡ.

ಬರೆದಿರೋದು ಸರಿ. ಬರೆಯದೇ ಇರೋ ನಿಯಮ ತಿಳ್ಕೊಳ್ಳೋದು ಹೇಗೆ?

ಮುರಿದು. ಬೇರೆ ದಾರಿ ಇಲ್ಲ.

ನಾನು ಇಲ್ಲಿಗೆ ಬಂದ ಮೊದಲ ವಾರ ಗೇಟಿನ ಪಕ್ಕದ ಕಲ್ಲುಬೆಂಚಿನ ಎಡತುದಿಯಲ್ಲಿ ಕೂತೆ. ಮೂರನೇ ಮಹಡಿಯ ಅಜ್ಜ ಬಂದರು. ಏನೂ ಅನ್ನಲಿಲ್ಲ. ನನ್ನ ಎದುರಿಗೆ ನಿಂತರು. ಬೆಂಚಿನ ಬಲತುದಿ ಖಾಲಿಯೇ ಇತ್ತು. ನಾನು ಅತ್ತ ಕೈ ತೋರಿಸಿದೆ, ಅವರು ನೋಡಿದರು, ನಿಂತೇ ಇದ್ದರು. ಕಾಲು ಗಂಟೆ ಆದ ಮೇಲೆ ನಾನೇ ಎದ್ದೆ. ಅಜ್ಜ ಕೂತು, ಕೋಲನ್ನು ಪಕ್ಕಕ್ಕೆ ಒರಗಿಸಿ, "ಹೊಸದಾಗಿ ಬಂದ್ರಾ?" ಅಂದರು, ತುಂಬ ಪ್ರೀತಿಯಿಂದ. ಈಗ ಅಜ್ಜ ಇಲ್ಲ. ಆ ತುದಿಯಲ್ಲಿ ಇವತ್ತಿಗೂ ಯಾರೂ ಕೂರುವುದಿಲ್ಲ. ಪುಸ್ತಕದ 57ರಲ್ಲಿ ಒಂದನ್ನೂ ನಾವು ಇಷ್ಟು ಚೆನ್ನಾಗಿ ಪಾಲಿಸಿಲ್ಲ.

ನಾಯಿ ಸಾಕಬಹುದಾ?

ಧಾರಾಳವಾಗಿ. ಅದು ಬೊಗಳಬಾರದು, ಲಿಫ್ಟ್ ಹತ್ತಬಾರದು, ಅಂಗಳದಲ್ಲಿ ಕಾಣಿಸಬಾರದು. ಮೀನಿಗೆ ಈ ಮೂರೂ ನಿಯಮ ಸಲೀಸು ಅಂತ ಐದನೇ ಮಹಡಿಯವರು ಮೀನು ತಂದರು. ಈಗ ತೊಟ್ಟಿಯ ಭಾರದ ಬಗ್ಗೆ ಚರ್ಚೆ ನಡೆಯುತ್ತಿದೆ.

ನೆಂಟರು ಎಷ್ಟು ದಿನ ಇರಬಹುದು?

ಮೂರು ರಾತ್ರಿ. ನಾಲ್ಕನೆಯದರಿಂದ ಅವರು 'ದೀರ್ಘಾವಧಿ ಅತಿಥಿ'. ಫಾರಂ ತುಂಬಬೇಕು, ಎರಡು ಫೋಟೋ ಕೊಡಬೇಕು. ಇಡೀ ಪುಸ್ತಕದಲ್ಲಿ ಯಾರೂ ತಕರಾರು ಎತ್ತದ ನಿಯಮ ಇದೊಂದೇ. ಕೆಲವರು ಇದರ ಪ್ರತಿಗೆ ಫ್ರೇಮ್ ಹಾಕಿಸಿ ಹಾಲ್‌ನಲ್ಲಿ ನೇತುಹಾಕಿದ್ದಾರೆ, ಸೋಫಾದಲ್ಲಿ ಕೂತವರಿಗೆ ನೇರ ಕಾಣುವ ಹಾಗೆ.

ಬಾಗಿಲ ಮುಂದಿನ ಮ್ಯಾಟ್ ಕೂಡ ಎಲ್ಲರದ್ದೂ ಒಂದೇ ಬಣ್ಣ ಇರಬೇಕಂತೆ. ನಿಜಾನಾ?

ನಿಜ. ಕಂದು. 'ತಿಳಿಗಂದು' ಅಂದರೆ ಎಷ್ಟು ತಿಳಿ ಅನ್ನುವುದಕ್ಕೆ ಒಂದು ಮಾದರಿ ತುಂಡು ಸೆಕ್ರೆಟರಿ ಮನೆಯಲ್ಲಿದೆ. ಬಾಗಿಲ ಬಣ್ಣ, ನಾಮಫಲಕದ ಅಳತೆ, ಮ್ಯಾಟ್ ಎಲ್ಲ ಒಂದೇ ಆದ ಮೇಲೆ ನಾಲ್ಕನೇ ಮಹಡಿಯವರು ಒಂದು ರಾತ್ರಿ ಕಣ್ಣು ಎಳೆಯುತ್ತಾ ಬಂದು ಮೂರನೇ ಮಹಡಿಯ ಬಾಗಿಲಿಗೆ ಬೀಗದ ಕೈ ತೂರಿಸಿ ಹತ್ತು ನಿಮಿಷ ತಿರುಗಿಸಿದರು. ಒಳಗಿದ್ದವರು ಕಳ್ಳ ಅಂತ ಕೂಗಿಕೊಂಡರು. ಮರುದಿನದ ಮೀಟಿಂಗಿನಲ್ಲಿ ಚರ್ಚೆಯಾದದ್ದು ಕೂಗಿದ ಸದ್ದಿನ ಬಗ್ಗೆ.

ನಗು ಇಲ್ಲಿಗೆ ಮುಗಿಯುತ್ತದೆ ಅಂದುಕೊಳ್ಳಬೇಡಿ. 1947ರಲ್ಲಿ ಅಮೆರಿಕದ ಲಾಂಗ್ ಐಲೆಂಡಿನಲ್ಲಿ ಲೆವಿಟ್‌ಟೌನ್ ಅನ್ನುವ ಬಡಾವಣೆ ಶುರುವಾಯಿತು. ಸಾವಿರಾರು ಮನೆ, ಹೆಚ್ಚುಕಡಿಮೆ ಒಂದೇ ಅಚ್ಚು. ಬೇಲಿ ಹಾಕಬಾರದು, ಹುಲ್ಲನ್ನು ವಾರಕ್ಕೊಮ್ಮೆ ಕತ್ತರಿಸಬೇಕು, ಶನಿವಾರ ಭಾನುವಾರ ಹೊರಗೆ ಬಟ್ಟೆ ಒಣಹಾಕಬಾರದು. ಓದಿದರೆ ನಮ್ಮ ಸೆಕ್ರೆಟರಿಯ ಪೂರ್ವಜನ್ಮದ ಕೆಲಸ ಅನ್ನಿಸುತ್ತದೆ. ಆದರೆ ಅಲ್ಲಿನ ಮೊದಮೊದಲ ಬಾಡಿಗೆ ಕರಾರಿನಲ್ಲಿ ಇನ್ನೊಂದು ಷರತ್ತೂ ಇತ್ತು: ಬಿಳಿಯರಲ್ಲದವರು ಆ ಮನೆಯಲ್ಲಿ ಇರುವಂತಿಲ್ಲ. ಮನೆಗೆಲಸದವರಾದರೆ ಪರವಾಗಿಲ್ಲ! ಹುಲ್ಲು, ಬೇಲಿ, ಬಟ್ಟೆ, ಮನುಷ್ಯರು ಎಲ್ಲರಿಗೂ ಷರತ್ತು. ನಮ್ಮ ಪುಸ್ತಕದಲ್ಲೂ ಮ್ಯಾಟಿನ ನಿಯಮ ಬಂದ ಎರಡನೇ ವರ್ಷಕ್ಕೆ ನಿಯಮ 41 ಬಂತು. ಮನೆ ಬಾಡಿಗೆಗೆ ಕೊಡುವಾಗ ಬರುವವರು 'ನಮ್ಮ ವಾತಾವರಣಕ್ಕೆ ಹೊಂದುವಂಥವರಾ' ಅಂತ ನೋಡಬೇಕಂತೆ. ಅದಕ್ಕೆ ಮಾದರಿ ತುಂಡು ಯಾರ ಮನೆಯಲ್ಲಿದೆ ಅಂತ ಕೇಳಿದೆ. ಯಾರೂ ನಗಲಿಲ್ಲ.

ಲಿಫ್ಟಿನೊಳಗೆ ಯಾಕೆ ಇಷ್ಟೊಂದು ನೋಟಿಸ್?

ಹನ್ನೊಂದಿವೆ. ಒಂದು, ಲಿಫ್ಟಿನಲ್ಲಿ ನೋಟಿಸ್ ಅಂಟಿಸಬಾರದು ಅನ್ನುವ ನೋಟಿಸ್.

ನೋಟಿಸಿನಿಂದ ಕೆಲಸ ಕೆಡುವುದೂ ಉಂಟು. ಅಮೆರಿಕದ ಅರಿಜೋನಾದಲ್ಲಿ ಕಲ್ಲಾಗಿ ಹೋದ ಪುರಾತನ ಮರಗಳ ಒಂದು ರಾಷ್ಟ್ರೀಯ ಉದ್ಯಾನ ಇದೆ. ಬಂದವರು ಆ ತುಂಡುಗಳನ್ನು ಜೇಬಿಗಿಳಿಸುತ್ತಿದ್ದರು. ರಾಬರ್ಟ್ ಚಾಲ್ಡೀನಿ ಅನ್ನುವ ಮನಶ್ಶಾಸ್ತ್ರಜ್ಞ ಮತ್ತು ಜೊತೆಗಾರರು ಅಲ್ಲಿ ಬೇರೆ ಬೇರೆ ಫಲಕ ಹಾಕಿ ನೋಡಿದರು. 'ಹಿಂದೆ ಬಂದ ತುಂಬ ಜನ ಮರದ ತುಂಡು ಒಯ್ದಿದ್ದಾರೆ' ಅನ್ನುವ ಫಲಕ ಇದ್ದ ಕಡೆ, ಗುರುತು ಮಾಡಿಟ್ಟ ತುಂಡುಗಳಲ್ಲಿ ನೂರಕ್ಕೆ ಸುಮಾರು 8 ಮಾಯವಾದವು. ಸುಮ್ನೆ 'ದಯವಿಟ್ಟು ಒಯ್ಯಬೇಡಿ' ಅಂತಿದ್ದ ಕಡೆ 2ಕ್ಕಿಂತ ಕಡಿಮೆ. ನಮ್ಮಲ್ಲಿ 'ಬಹಳ ಮಂದಿ ಮೆಟ್ಟಿಲ ಮೇಲೆ ಕಸದ ಚೀಲ ಇಡುತ್ತಿದ್ದಾರೆ, ಇದು ಖಂಡನೀಯ' ಅಂತ ನೋಟಿಸ್ ಹಾಕಿದರು. ಅಲ್ಲಿಯವರೆಗೆ ಇಡುತ್ತಿದ್ದದ್ದು ಎರಡೇ ಮನೆ. ಓಹೋ, ಇಡಬಹುದಾ ಅಂತ ಉಳಿದವರಿಗೂ ಗೊತ್ತಾಯಿತು.

ನಿಯಮಗಳ ಕನ್ನಡ ಯಾಕೆ ಹಾಗಿರುತ್ತೆ? ಮನೇಲಿ ಯಾರೂ ಹಾಗೆ ಮಾತಾಡಲ್ವಲ್ಲ?

ಅದಕ್ಕೇ ಹಾಗಿರುತ್ತದೆ. 'ಗಿಡಕ್ಕೆ ನೀರು ಹಾಕುವಾಗ ಕೆಳಗೆ ನೋಡಿ' ಅಂದರೆ ಪಕ್ಕದ ಮನೆಯವರ ಮಾತು. 'ಸದರಿ ನಿವಾಸಿಗಳು ಸಸ್ಯಗಳಿಗೆ ಜಲ ಸಿಂಪಡಿಸುವ ಸಂದರ್ಭದಲ್ಲಿ ಅಧೋಭಾಗದ ನಿವಾಸಿಗಳಿಗೆ ಬಾಧಕವಾಗದಂತೆ ಎಚ್ಚರ ವಹಿಸತಕ್ಕದ್ದು, ತಪ್ಪಿದಲ್ಲಿ ಸೂಕ್ತ ಕ್ರಮ ಜರುಗಿಸಲಾಗುವುದು' ಅಂದರೆ ಕಾನೂನು. ಈ 'ಜರುಗಿಸಲಾಗುವುದು' ಬಹಳ ಅನುಕೂಲದ ಪದ. ಯಾರು ಜರುಗಿಸುತ್ತಾರೆ ಅಂತ ಹೇಳಬೇಕಾಗಿಲ್ಲ. ಮೇಲಿನ ವಾಕ್ಯ ನಾನೇ ಬರೆದದ್ದು. ಕೆಳಗಿನ ಮನೆಯವರು ಅದನ್ನು ಎರಡು ಸಲ ಓದಿ, "ಅಧೋಭಾಗ ಅಂದ್ರೆ ನಾವಾ?" ಅಂತ ಕೇಳಿದರು. ಸಿಟ್ಟಾಗಿದ್ದರು.

## ಮೂರು ತಿಂಗಳು ತುಂಬಿದವರಿಗೆ

ಚಪ್ಪಲಿ ಸ್ಟ್ಯಾಂಡ್ ಎರಡು ಇಂಚು ಹೊರಗೆ ಬಂದಿದೆ ಅಂತ ಎಚ್ಚರಿಕೆ ಪತ್ರ ಬಂದಿದೆ. ಏನ್ ಮಾಡ್ಲಿ?

ಎರಡು ಇಂಚು ಒಳಗೆ ತಳ್ಳಿ. ತಳ್ಳಲು ಜಾಗವಿಲ್ಲದಿದ್ದರೆ ಅಳತೆ ಮಾಡಿದ್ದು ಹೇಗೆ ಅಂತ ಕೇಳಿ.

ನಮ್ಮ ಬಾಗಿಲಿಗೆ ಅಳತೆಗೆ ಬಂದ ದಿನ ನೆನಪಿದೆ. ಭಾನುವಾರ ಬೆಳಗ್ಗೆ. ಸೆಕ್ರೆಟರಿ ಮಂಡಿಯೂರಿ ಕೂತಿದ್ದರು. ಟೇಪಿನ ಒಂದು ತುದಿ ಗೋಡೆಗೆ ಒತ್ತಿ ಹಿಡಿದದ್ದು ಖಜಾಂಚಿ, ಇನ್ನೊಂದು ತುದಿ ಸೆಕ್ರೆಟರಿ ಕೈಯಲ್ಲಿ. ಸೆಕ್ಯುರಿಟಿ ಹುಡುಗ ನೋಟ್‌ಬುಕ್ ಹಿಡಿದು ನಿಂತಿದ್ದ. ಗೋಡೆಯಿಂದಲೇ ಅಳೆಯಬೇಕಾ, ಗೋಡೆಯ ಬುಡದ ಪಟ್ಟಿಯಿಂದ ಅಳೆಯಬೇಕಾ ಅಂತ ಇಬ್ಬರಿಗೂ ಭಿನ್ನಾಭಿಪ್ರಾಯ ಬಂತು. ಪಟ್ಟಿಯ ದಪ್ಪ ಅರ್ಧ ಇಂಚು. ಅಷ್ಟು ಹೊತ್ತಿಗೆ ಎದುರು ಮನೆಯ ಆಂಟಿ ಬಾಗಿಲು ತೆರೆದು, "ಏನ್ ಕಳೆದುಹೋಯ್ತು, ನಾನೂ ಹುಡುಕ್ಲಾ?" ಅಂದರು. ಸೆಕ್ರೆಟರಿ ಏಳಲು ಹೋದಾಗ ಮಂಡಿ ಹಿಡಿದುಕೊಂಡಿತು. ನಾನೂ ಖಜಾಂಚಿಯೂ ಆಚೆ ಈಚೆ ಹಿಡಿದು ಎಬ್ಬಿಸಿದೆವು. ನಮ್ಮ ಮನೆಯಲ್ಲೇ ಕೂರಿಸಿ ಬಿಸಿನೀರಿನ ಚೀಲ ಕೊಟ್ಟೆವು. ಒಂದು ಗಂಟೆ ಕೂತರು, ಮಗನ ಓದಿನ ವಿಷಯ ಹೇಳಿಕೊಂಡರು. ಹೋಗುವಾಗ ಚಪ್ಪಲಿ ಹಾಕಿಕೊಂಡು, "ಪತ್ರ ಮಾತ್ರ ಬರುತ್ತೆ ಸಾರ್, ತಪ್ಪು ತಿಳ್ಕೋಬೇಡಿ" ಅಂದರು.

ಪತ್ರ ಬಂತು. ಒಂದೂವರೆ ಇಂಚು ಅಂತಿತ್ತು. ಪಟ್ಟಿಯ ದಪ್ಪ ಬಿಟ್ಟುಕೊಟ್ಟಿದ್ದರು.

ನನ್ನ ಮೇಲೆ ಯಾರೋ ದೂರು ಕೊಟ್ಟಿದ್ದಾರೆ. ಯಾರು ಅಂತ ಕಂಡುಹಿಡಿಯೋದು ಹೇಗೆ?

ಬೇಡ, ಆ ತಂಟೆಗೆ ಹೋಗಬೇಡಿ. ನಾನು ಹೋಗಿದ್ದೆ. ನನ್ನ ಮೇಲೆ ಬಂದ ಮೂರು ದೂರಿನಲ್ಲಿ ಎರಡು ಮೇಲಿನ ಮನೆಯವರದು, ಒಂದು ನನ್ನ ಮಗಳದು.

ದಂಡ ಕಟ್ಟಿಬಿಟ್ರೆ ಆಯ್ತಲ್ವಾ? ಆಮೇಲೆ ಏನ್ ಬೇಕಾದ್ರೂ ಮಾಡ್ಬಹುದಲ್ವಾ?

ಹೀಗೆ ಯೋಚಿಸಿದ ಮೊದಲಿಗರು ನೀವಲ್ಲ. ಇಸ್ರೇಲಿನ ಹೈಫಾ ನಗರದಲ್ಲಿ ಪುಟ್ಟ ಮಕ್ಕಳ ಡೇ ಕೇರ್ ಕೇಂದ್ರಗಳಿಗೆ ಅಪ್ಪ ಅಮ್ಮಂದಿರು ಸಂಜೆ ತಡವಾಗಿ ಬರುತ್ತಿದ್ದರು. ಇಬ್ಬರು ಅರ್ಥಶಾಸ್ತ್ರಜ್ಞರು ಹತ್ತು ಕೇಂದ್ರ ಆರಿಸಿ, ಆರರಲ್ಲಿ ತಡವಾದರೆ ದಂಡ ಹಾಕಿ ನೋಡಿದರು. ಅಧ್ಯಯನ 2000ದಲ್ಲಿ ಪ್ರಕಟವಾಯಿತು. ತಡವಾಗಿ ಬರುವವರು ಕಡಿಮೆಯಾಗಲಿಲ್ಲ, ಸುಮಾರು ಎರಡು ಪಟ್ಟಾದರು. ಮುಂಚೆ 'ಅಯ್ಯೋ, ಟೀಚರ್ ಕಾಯ್ತಿರ್ತಾರೆ' ಅನ್ನುವ ಸಂಕೋಚ ಇತ್ತು. ಈಗ ಕಾಯುವುದಕ್ಕೆ ರೇಟ್ ಆಯಿತು. ದಂಡ ತೆಗೆದುಹಾಕಿದ ಮೇಲೂ ಹಳೇ ಸಂಕೋಚ ವಾಪಸ್ ಬರಲಿಲ್ಲ.

ನಮ್ಮಲ್ಲೂ ಅದೇ. ಬೇರೆಯವರ ಪಾರ್ಕಿಂಗ್ ಜಾಗದಲ್ಲಿ ಗಾಡಿ ನಿಲ್ಲಿಸಿದರೆ ಮೊದಲು ಓಡಿಬಂದು "ಸಾರಿ ಅಂಕಲ್" ಅನ್ನುತ್ತಿದ್ದರು. ದಂಡ ಬಂದ ಮೇಲೆ ಒಬ್ಬರು ಆರು ತಿಂಗಳದ್ದು ಮುಂಗಡವಾಗಿ ಕಟ್ಟಿದ್ದಾರೆ. ರಸೀದಿಯೂ ಇದೆ.

ಹೊರಗೆ ಎಲ್ಲರೂ ಆ ನಿಯಮಾನ ನೋಡಿ ನಗ್ತಾರೆ. ಮೀಟಿಂಗಲ್ಲಿ ಮಾತ್ರ ಎಲ್ಲ ಕೈ ಎತ್ತುತ್ತಾರೆ. ಯಾಕೆ?

ಪಕ್ಕದವರು ಎತ್ತಿದರಲ್ಲ, ಅದಕ್ಕೆ. 1950ರ ದಶಕದಲ್ಲಿ ಸಾಲೊಮನ್ ಆಶ್ ಅನ್ನುವ ಮನಶ್ಶಾಸ್ತ್ರಜ್ಞ ಮಾಡಿದ ಪ್ರಯೋಗ ಇದೆ. ಒಂದು ಗೆರೆ ತೋರಿಸುತ್ತಾರೆ, ಪಕ್ಕದ ಮೂರು ಗೆರೆಗಳಲ್ಲಿ ಅದರಷ್ಟೇ ಉದ್ದದ್ದು ಯಾವುದು ಅಂತ ಕೇಳುತ್ತಾರೆ. ಮಗುವೂ ಹೇಳಬಹುದಾದದ್ದು. ಆದರೆ ಕೋಣೆಯಲ್ಲಿರುವ ಉಳಿದವರೆಲ್ಲ ಪ್ರಯೋಗದ ಕಡೆಯವರು. ಮೊದಲೇ ಮಾತಾಡಿಕೊಂಡು ತಪ್ಪು ಉತ್ತರ ಹೇಳುತ್ತಾರೆ. ನಿಜವಾದ ಅತಿಥಿಯ ಸರದಿ ಕೊನೆಗೆ. ಹಾಗೆ ಬಂದವರಲ್ಲಿ ನೂರಕ್ಕೆ ಸುಮಾರು 75 ಮಂದಿ ಒಂದು ಸಲವಾದರೂ ಕಣ್ಣೆದುರಿಗಿದ್ದದ್ದನ್ನು ಬಿಟ್ಟು ಗುಂಪಿನ ಜೊತೆ ಹೋದರು.

ನನಗೆ ಇಷ್ಟವಾದ ಭಾಗ ಇನ್ನೊಂದು. ಗುಂಪಿನಲ್ಲಿ ಒಬ್ಬನೇ ಒಬ್ಬ ಸರಿಯಾದ ಉತ್ತರ ಹೇಳಿದರೂ ಸಾಕು, ಅತಿಥಿ ಹಾಗೆ ತಲೆಯಾಡಿಸುವುದು ತೀರಾ ಕಡಿಮೆಯಾಗುತ್ತಿತ್ತು. ಹಾಗಾಗಿ ಮೀಟಿಂಗಿಗೆ ಹೋಗುವ ಮೊದಲು ಒಬ್ಬರನ್ನು ಹಿಡಿದುಕೊಳ್ಳಿ. ಇಬ್ಬರು ಕೈ ಕೆಳಗೆ ಇಟ್ಟುಕೊಂಡರೆ ಮೂರನೆಯವರು ಎತ್ತಿದ ಕೈಯಲ್ಲಿ ತಲೆ ಕೆರೆದುಕೊಳ್ಳುತ್ತಾರೆ. ನಾನು ಕಣ್ಣಾರೆ ಕಂಡಿದ್ದೇನೆ.

ಬಾತ್‌ರೂಮ್ ಬಕೆಟ್ ವಿಷಯಕ್ಕೆ ನಾವು ನಾಲ್ಕು ಜನ ರೂಮ್‌ಮೇಟ್ಸ್ ಮಾತು ಬಿಟ್ಟಿದ್ದೀವಿ. ಇಷ್ಟು ಸಣ್ಣದಕ್ಕೆ ಹೀಗಾಗೋದು ನಮಗೆ ಮಾತ್ರಾನಾ?

ನಿಮ್ಮ ಜಗಳಕ್ಕೆ ಎರಡು ಸಾವಿರ ವರ್ಷಕ್ಕೂ ಹಳೆಯ ಅಣ್ಣ ಇದ್ದಾನೆ. ಅದೂ ಬುದ್ಧನ ಕಣ್ಣೆದುರಿಗೇ ನಡೆದದ್ದು.

ಬೌದ್ಧ ಭಿಕ್ಷುಗಳ ನಿಯಮಗಳ ಗ್ರಂಥವಾದ ವಿನಯಪಿಟಕದಲ್ಲಿ ಕೌಶಾಂಬಿ ಅನ್ನುವ ಊರಿನ ಭಿಕ್ಷುಗಳ ಜಗಳದ ಕಥೆ ಬರುತ್ತದೆ. ಶುರುವಾದದ್ದು ಹೇಗೆ ಅಂತ ಹಳೆಯ ವ್ಯಾಖ್ಯಾನಗಳು ಹೇಳುತ್ತವೆ. ಇಬ್ಬರು ದೊಡ್ಡವರು. ಒಬ್ಬರು ಧರ್ಮ ಬೋಧಿಸುವವರು, ಇನ್ನೊಬ್ಬರು ನಿಯಮಗಳನ್ನು ಅರೆದು ಕುಡಿದವರು. ಬೋಧಕರು ಶೌಚಕ್ಕೆ ಹೋದವರು ಪಾತ್ರೆಯಲ್ಲಿ ಮಿಕ್ಕ ನೀರನ್ನು ಚೆಲ್ಲದೆ ಹಾಗೇ ಬಿಟ್ಟುಬಂದರು. ನಿಯಮದವರು ನೋಡಿ, "ಇದು ತಪ್ಪಲ್ವಾ?" ಅಂದರು. ಇವರು "ಗೊತ್ತಿರಲಿಲ್ಲ, ತಪ್ಪೊಪ್ಪಿಕೊಳ್ಳುತ್ತೇನೆ" ಅಂದರು. "ಬೇಕು ಅಂತ ಮಾಡಿಲ್ಲವಲ್ಲ, ಹಾಗಾದರೆ ತಪ್ಪಿಲ್ಲ ಬಿಡಿ" ಅಂದರು ಅವರು. ಅಲ್ಲಿಗೆ ಮುಗಿಯಬೇಕಿತ್ತು, ಅಲ್ವಾ?

ಮುಗಿಯಲಿಲ್ಲ. ನಿಯಮದವರು ಹೋಗಿ ತಮ್ಮ ಶಿಷ್ಯರ ಹತ್ತಿರ, ಆತನಿಗೆ ತಾನು ತಪ್ಪು ಮಾಡಿದ್ದೂ ಗೊತ್ತಾಗುವುದಿಲ್ಲ ಅಂದರು. ಶಿಷ್ಯರು ಆ ಕಡೆಯ ಶಿಷ್ಯರಿಗೆ ಮುಟ್ಟಿಸಿದರು. ಅವರು ಗುರುಗಳಿಗೆ ಹೇಳಿದರು. "ಆಗ ತಪ್ಪಿಲ್ಲ ಅಂದವನು ಈಗ ತಪ್ಪು ಅಂತಾನಾ? ಸುಳ್ಳುಗಾರ" ಅಂತ ಇವರು. ನಿಯಮದ ಕಡೆಯವರು ಬೋಧಕರಿಗೆ ಬಹಿಷ್ಕಾರ ಹಾಕಿದರು. ಸಂಘ ಎರಡು ಪಾಲಾಯಿತು. ಬುದ್ಧನೇ ಬಂದು ಬುದ್ಧಿ ಹೇಳಿದರೆ, ತಾವು ಸುಮ್ಮನಿರಿ, ನಮ್ಮ ಜಗಳ ನಾವು ನೋಡಿಕೊಳ್ಳುತ್ತೇವೆ ಅನ್ನುವ ಅರ್ಥದಲ್ಲಿ ಉತ್ತರ ಬಂತು. ಬುದ್ಧ ಯಾರಿಗೂ ಹೇಳದೆ ಪಾರಿಲೇಯ್ಯಕ ಅನ್ನುವ ಕಾಡಿಗೆ ಹೊರಟುಹೋದ. ಅಲ್ಲಿ ಒಂದು ಆನೆ ಅವನ ಸೇವೆ ಮಾಡಿತಂತೆ. ಆ ಆನೆಗೂ ತನ್ನ ಹಿಂಡಿನ ಜೊತೆ ಇದ್ದು ಸಾಕಾಗಿತ್ತಂತೆ! ಕೂಡಿ ಬಾಳುವುದರ ಬಗ್ಗೆ ನಾನು ಕೇಳಿದ ಕಥೆಗಳಲ್ಲಿ ಈ ಆನೆಯೇ ನನಗೆ ತೀರಾ ಹತ್ತಿರದ್ದು.

ಜಗಳ ಬಗೆಹರಿದದ್ದು ನಿಯಮದಿಂದಲ್ಲ. ಊರಿನವರು ಭಿಕ್ಷೆ ಹಾಕುವುದನ್ನು ನಿಲ್ಲಿಸಿದರು. ಹೊಟ್ಟೆ ಚುರುಗುಟ್ಟಿದ ಮೇಲೆ ಎರಡೂ ಕಡೆಯವರು ಕೂತು ಮಾತಾಡಿದರು. ನಿಮ್ಮ ನಾಲ್ವರಲ್ಲಿ ಅಡುಗೆ ಮಾಡುವವರು ಯಾರು?

## ಮೀಟಿಂಗಿಗೆ ಹೋಗುವ ಧೈರ್ಯ ಬಂದವರಿಗೆ

ನೀರಿನ ಟ್ಯಾಂಕ್ ಸೋರ್ತಾ ಇದೆ. ಮೀಟಿಂಗ್ ಪೂರ್ತಿ ಮ್ಯಾಟ್ ಬಗ್ಗೆನೇ ಆಯ್ತು. ಇವರಿಗೆ ಬುದ್ಧಿ ಇಲ್ವಾ?

ಇದೆ. ಟ್ಯಾಂಕಿನ ಬಗ್ಗೆ ಮಾತಾಡಲು ಕಾಂಕ್ರೀಟ್ ಗೊತ್ತಿರಬೇಕು. ಮ್ಯಾಟ್ ಎಲ್ಲರ ಮನೆಯಲ್ಲೂ ಇದೆ. ಸಿ. ನಾರ್ತ್‌ಕೋಟ್ ಪಾರ್ಕಿನ್ಸನ್ ಅನ್ನುವ ಬ್ರಿಟಿಷ್ ಇತಿಹಾಸಕಾರ 1957ರಲ್ಲೇ ಇದನ್ನು ಒಂದು ಕಲ್ಪಿತ ಸಭೆಯಾಗಿ ಬರೆದಿಟ್ಟ. ಅಣು ರಿಯಾಕ್ಟರ್ ಎರಡೂವರೆ ನಿಮಿಷದಲ್ಲಿ ಪಾಸು. ಸೈಕಲ್ ನಿಲ್ಲಿಸುವ ಶೆಡ್ಡಿಗೆ ಮುಕ್ಕಾಲು ಗಂಟೆ. ಸಭೆಗೆ ಕೊಡುವ ಕಾಫಿಗೆ ಒಂದೂಕಾಲು ಗಂಟೆ, ಅದೂ ತೀರ್ಮಾನವಾಗದೆ ಮುಂದಕ್ಕೆ.

ನಾನು ಕಲಿತ ಉಪಾಯ ಒಂದಿದೆ. ಟ್ಯಾಂಕಿನ ವಿಷಯ ಬಂದಾಗ ಅದಕ್ಕೆ ಯಾವ ಬಣ್ಣ ಬಳಿಯಬೇಕು ಅಂತ ಕೇಳಿ. ಎಲ್ಲರೂ ಎದ್ದು ಕೂರುತ್ತಾರೆ. ಬಣ್ಣ ಬಳಿಯುವ ಮುಂಚೆ ಬಿರುಕು ಮುಚ್ಚಬೇಕಲ್ಲ ಅಂತ ಕೊನೆಗೆ ಒಬ್ಬರಾದರೂ ಹೇಳಿಯೇ ಹೇಳುತ್ತಾರೆ. ನಮ್ಮ ಟ್ಯಾಂಕ್ ಹೀಗೇ ರಿಪೇರಿಯಾಯಿತು. ತಿಳಿಹಸಿರು.

ನಮ್ಮ ಸೆಕ್ರೆಟರಿ ಒಳ್ಳೆ ಮನುಷ್ಯ. ಆ ಕುರ್ಚಿಗೆ ಬಂದ ತಕ್ಷಣ ಯಾಕೆ ಹಾಗಾದ್ರು?

ಸೀಲು. ನಾನು ಸೆಕ್ರೆಟರಿಯಾದ ದಿನ ಹಳಬರು ಒಂದು ರಬ್ಬರ್ ಸ್ಟಾಂಪು, ನೀಲಿ ಇಂಕ್ ಪ್ಯಾಡು ಕೊಟ್ಟರು. ಮನೆಗೆ ತಂದು ಒಂದು ಖಾಲಿ ಹಾಳೆಯ ಮೇಲೆ ಒತ್ತಿ ನೋಡಿದೆ. ಟಪ್ ಅಂತ ಸದ್ದಾಯಿತು. ಇನ್ನೊಂದು ಸಲ ಒತ್ತಿದೆ. ಆಫೀಸಿನಲ್ಲಿ ಇಪ್ಪತ್ತು ವರ್ಷ ಬೇರೆಯವರ ಸೀಲಿಗೆ ಕಾದು ನಿಂತವನು ನಾನು. ಆ ವಾರವೇ ಎರಡು ನಿಯಮ ಹುಟ್ಟಿದವು. ಸೀಲು ಹಾಕಲು ಏನಾದರೂ ಬೇಕಲ್ಲ! ಮಗಳು ತನ್ನ ಹೋಂವರ್ಕಿಗೂ ಒಂದು ಒತ್ತಿಕೊಂಡು ಹೋದಳು. ಟೀಚರ್ ಮರುಮಾತಾಡದೆ ಮಾರ್ಕ್ಸ್ ಕೊಟ್ಟರಂತೆ.

ಹಾಗಾದ್ರೆ ನಿಯಮಾನೇ ಬೇಡ ಅಂತೀರಾ?

ಖಂಡಿತ ಇಲ್ಲ. ಮೆಟ್ಟಿಲ ದಾರಿಗೆ ಅಡ್ಡ ಸೈಕಲ್ ಇಟ್ಟರೆ ನಾನೂ ಜಗಳಕ್ಕೆ ನಿಲ್ಲುತ್ತೇನೆ. ಬೆಂಕಿ ಬಿದ್ದ ದಿನ ಎಲ್ಲರೂ ಇಳಿಯಬೇಕಾದದ್ದು ಅಲ್ಲಿಂದಲೇ. ನೀರು, ಕಸ, ರಾತ್ರಿಯ ಸದ್ದು, ಬೆಂಕಿಗೆ ದಾರಿ, ದುಡ್ಡಿನ ಲೆಕ್ಕ. ಇಷ್ಟಕ್ಕೆ ನಿಯಮ ಬೇಕೇ ಬೇಕು. ನಮ್ಮ 57ರಲ್ಲಿ ಇವುಗಳ ಬಗ್ಗೆ ಇರುವುದು ಆರು.

ಸ್ವಿಟ್ಜರ್ಲೆಂಡಿನ ಬೆಟ್ಟದಲ್ಲಿ ಟೋರ್ಬೆಲ್ ಅನ್ನುವ ಹಳ್ಳಿ ಇದೆ. ಅಲ್ಲಿ 1517ರ ಒಂದು ನಿಯಮ: ಚಳಿಗಾಲದಲ್ಲಿ ಎಷ್ಟು ಹಸುವಿಗೆ ನೀನೇ ಮೇವು ಹಾಕಿ ಸಾಕಬಲ್ಲೆಯೋ ಅಷ್ಟನ್ನು ಮಾತ್ರ ಬೇಸಿಗೆಯಲ್ಲಿ ಊರ ಹುಲ್ಲುಗಾವಲಿಗೆ ಬಿಡು. ಒಂದೇ ಸಾಲು. ಶತಮಾನಗಟ್ಟಲೆ ನಡೆಯಿತು. ಎಲಿನರ್ ಆಸ್ಟ್ರೋಮ್ 1990ರಲ್ಲಿ ಇಂಥ ಹಳ್ಳಿಗಳ ಬಗ್ಗೆ ಬರೆದರು. ಮುಂದೆ 2009ರಲ್ಲಿ ಅವರಿಗೆ ಅರ್ಥಶಾಸ್ತ್ರದ ನೊಬೆಲ್ ಬಂತು, ಆ ವಿಭಾಗದಲ್ಲಿ ಅದನ್ನು ಪಡೆದ ಮೊದಲ ಹೆಂಗಸು ಅವರು. ಹಂಚಿಕೊಂಡದ್ದನ್ನು ಬಹಳ ಕಾಲ ಕಾಪಾಡಿಕೊಂಡ ಜಾಗಗಳಲ್ಲಿ ಅವರಿಗೆ ಕಂಡದ್ದು ಇದು: ನಿಯಮದಡಿ ಬದುಕುವವರಿಗೇ ಅದನ್ನು ತಿದ್ದುವ ಹಕ್ಕಿತ್ತು, ಮೊದಲ ತಪ್ಪಿಗೆ ಸಣ್ಣ ಶಿಕ್ಷೆ ಇತ್ತು, ಜಗಳ ಬಗೆಹರಿಸಿಕೊಳ್ಳಲು ಖರ್ಚಿಲ್ಲದ, ಹತ್ತಿರದ ಒಂದು ಜಾಗ ಇತ್ತು. ನಮ್ಮಲ್ಲಿ ಅಂಥ ಜಾಗ ಅಂದರೆ ಆ ಕಲ್ಲುಬೆಂಚು. ಅಲ್ಲಿ ಅರ್ಧ ಗಂಟೆಗಿಂತ ಹೆಚ್ಚು ಕೂರಬಾರದು ಅಂತ ನಿಯಮ 36 ಇದೆ.

ನಿಯಮ ಬರೆಯೋ ಕೆಲಸ ನನ್ನ ತಲೆಗೇ ಬಂದಿದೆ. ಹೇಗೆ ಬರೀಲಿ?

ಜನ ಹೇಗಿದ್ದಾರೋ ಹಾಗೆ ನೋಡಿ ಬರೆಯಿರಿ. ಆರನೇ ಶತಮಾನದ ಇಟಲಿಯಲ್ಲಿ ಸಂತ ಬೆನೆಡಿಕ್ಟ್ ಕ್ರೈಸ್ತ ಮಠಗಳಿಗೆ 73 ಅಧ್ಯಾಯದ ನಿಯಮ ಬರೆದರು. ಅದರ 40ನೇ ಅಧ್ಯಾಯದಲ್ಲಿ, ಸನ್ಯಾಸಿಗಳಿಗೆ ದ್ರಾಕ್ಷಾರಸ ಸಲ್ಲದು ಅಂತ ಓದಿದ್ದೇವೆ, ಆದರೆ ಈ ಕಾಲದ ಸನ್ಯಾಸಿಗಳನ್ನು ಅದಕ್ಕೆ ಒಪ್ಪಿಸುವುದು ಆಗದ ಮಾತು, ಹೊಟ್ಟೆ ಬಿರಿಯುವಷ್ಟು ಕುಡಿಯದಿದ್ದರೆ ಸಾಕು ಅನ್ನುವ ಅರ್ಥ ಬರುವಂತೆ ಬರೆದಿದ್ದಾರೆ. ಸಂತರೇ ಇಷ್ಟು ಬಿಟ್ಟುಕೊಟ್ಟ ಮೇಲೆ ನೀವು ಟವೆಲ್ಲಿಗೆ ಯಾಕೆ ಹಟ ಹಿಡಿಯುತ್ತೀರಿ?

ಒಂದೇ ಒಂದು ನಿಯಮ ತೆಗೆಸಬೇಕು. ಎಲ್ಲಿಂದ ಶುರು ಮಾಡ್ಲಿ?

ತಾಳ್ಮೆಯಿಂದ. ಹಾಕುವುದು ಸುಲಭ, ತೆಗೆಯುವುದು ಬುದ್ಧನ ಕೈಯಲ್ಲೂ ಆಗಲಿಲ್ಲ. ಕೊನೆಯ ದಿನಗಳಲ್ಲಿ ಆತ ಶಿಷ್ಯ ಆನಂದನಿಗೆ, ನಾನು ಹೋದ ಮೇಲೆ ಸಂಘಕ್ಕೆ ಬೇಕೆನಿಸಿದರೆ ಚಿಕ್ಕಪುಟ್ಟ ನಿಯಮಗಳನ್ನು ಕೈಬಿಡಬಹುದು ಅಂದ. ಚಿಕ್ಕಪುಟ್ಟ ಅಂದರೆ ಯಾವುವು ಅಂತ ಆನಂದ ಕೇಳಲಿಲ್ಲ. ಆಮೇಲೆ ರಾಜಗೃಹದಲ್ಲಿ ಹಿರಿಯರೆಲ್ಲ ಸೇರಿದಾಗ ಇದೇ ದೊಡ್ಡ ಚರ್ಚೆಯಾಯಿತು. ಇವಿಷ್ಟನ್ನು ಬಿಟ್ಟು ಉಳಿದದ್ದು ಚಿಕ್ಕದು ಅಂತ ಒಬ್ಬೊಬ್ಬರು ಒಂದೊಂದು ಹೇಳಿದರು. ಕೊನೆಗೆ ಮಹಾಕಾಶ್ಯಪ, ಯಾವುದನ್ನೂ ಬಿಡುವುದು ಬೇಡ ಅಂದರು. ಸಭೆ ಒಪ್ಪಿತು. ಕೇಳದೆ ಬಂದದ್ದಕ್ಕೆ ಆನಂದನಿಗೆ ಬೈಗುಳವೂ ಸಿಕ್ಕಿತು. ಥೇರವಾದ ಅನ್ನುವ ಬೌದ್ಧ ಪಂಥದ ಭಿಕ್ಷುಗಳಿಗೆ ಇವತ್ತಿಗೂ 227 ನಿಯಮ.

ಆದರೂ ಅಲ್ಲಿಂದ ಕಲಿಯುವುದು ಒಂದಿದೆ. ವಿನಯದಲ್ಲಿ ಪ್ರತಿ ನಿಯಮದ ಜೊತೆ ಅದು ಯಾಕೆ ಹುಟ್ಟಿತು ಅನ್ನುವ ಘಟನೆಯೂ ಇರುತ್ತದೆ. ಇಂಥವನು ಹೀಗೆ ಮಾಡಿದ, ಜನ ಆಡಿಕೊಂಡರು, ಅದಕ್ಕೆ ಈ ನಿಯಮ. ನಿಮ್ಮ ನಿಯಮಕ್ಕೂ ಅದರ ಘಟನೆಯನ್ನು ಹುಡುಕಿ. ನಮ್ಮ ನಿಯಮ 22, 'ಮಧ್ಯಾಹ್ನ ಕುಟ್ಟುವುದು ನಿಷಿದ್ಧ', ಒಂದು ಕಾಲದಲ್ಲಿ ರಾತ್ರಿಪಾಳಿ ಮಾಡಿ ಮಧ್ಯಾಹ್ನ ಮಲಗುತ್ತಿದ್ದ ಒಬ್ಬ ನರ್ಸ್‌ಗಾಗಿ ಬಂದದ್ದು. ಅವರು ಮನೆ ಖಾಲಿ ಮಾಡಿ ಎಷ್ಟೋ ವರ್ಷವಾಗಿದೆ. ಇದನ್ನು ಹೇಳಿ ರದ್ದು ಮಾಡಿ ಅಂತ ಮೀಟಿಂಗಿನಲ್ಲಿ ಕೇಳಿದೆ. ಎಲ್ಲರೂ ಒಪ್ಪಿದರು. ಆದರೆ ನಿಯಮ ರದ್ದು ಮಾಡುವುದು ಹೇಗೆ ಅಂತ ಪುಸ್ತಕದಲ್ಲಿ ಇರಲಿಲ್ಲ. ಅದಕ್ಕೊಂದು ಉಪಸಮಿತಿಯಾಗಿದೆ. ಕರಡು ತಯಾರಿದೆಯಂತೆ, ಅದೇ ನಿಯಮ 58.

ಈ 57ರಲ್ಲಿ ಎಲ್ಲಕ್ಕಿಂತ ಮೊದಲು ಬಂದದ್ದು ಯಾವುದು? ಯಾರು ಮಾಡಿದ್ದು?

ಮೊನ್ನೆ ನೋಟಿಸ್ ಬೋರ್ಡಿಗೆ ಹೊಸ ಬಟ್ಟೆ ಹಾಕಿಸಲು ಹಳೆಯದನ್ನೆಲ್ಲ ಬಿಚ್ಚಿದೆವು. ಒಂದೊಂದು ಪಿನ್ನಿನ ಕೆಳಗೆ ಐದಾರು ಪದರ. ಮೇಲೆ ಪ್ರಿಂಟ್ ಮಾಡಿದ್ದು, ಅದರ ಕೆಳಗೆ ಟೈಪ್ ಮಾಡಿದ್ದು, ಅದರ ಕೆಳಗೆ ಕಾರ್ಬನ್ ಪ್ರತಿ. ನಿಯಮ 1 ಅನ್ನು ಎಲ್ಲರೂ ಬಲ್ಲಿರಿ, 'ಮುಖ್ಯದ್ವಾರದ ಬಳಕೆಯ ಕುರಿತು', ಒಂಬತ್ತು ಉಪನಿಯಮ, ಮೂರು ಬಗೆಯ ದಂಡ. ಅದರ ಆರು ಪದರ ಕಿತ್ತ ಮೇಲೆ, ತೀರಾ ಕೆಳಗೆ, ಶಾಲೆಯ ನೋಟ್‌ಬುಕ್ಕಿನಿಂದ ಹರಿದ ಅರ್ಧ ಹಾಳೆ ಸಿಕ್ಕಿತು. ಪೆನ್ಸಿಲಿನಲ್ಲಿ ಬರೆದದ್ದು.

'ಗೇಟು ಮೆಲ್ಲಗೆ ಹಾಕಿ. ಪಾಪು ಮಲಗಿರುತ್ತೆ. ಕೆಳಗಿನ ಮನೆಯವರು.'

ಆ ಪಾಪು ಈಗ ಕಾಲೇಜಿನಲ್ಲಿದೆ. ಹೋದ ತಿಂಗಳು ರಾತ್ರಿ ಹನ್ನೊಂದರ ಮೇಲೆ ಬೈಕಿನಲ್ಲಿ ಬಂದು ಗೇಟು ದಢ್ ಅಂತ ಹಾಕಿದ್ದಕ್ಕೆ ನಿಯಮ 1ರಡಿ ಅವನಿಗೇ ದಂಡ ಬಿದ್ದಿತ್ತು. ಚೀಟಿ ತೋರಿಸಿದೆ. ಬಹಳ ಹೊತ್ತು ಕೈಯಲ್ಲಿ ಹಿಡಿದುಕೊಂಡಿದ್ದ. "ಅಮ್ಮನ ಅಕ್ಷರ" ಅಂದ.

ಹೊಸ ಬಟ್ಟೆ ಹಾಕಿದ ಬೋರ್ಡಿನ ನಡುವೆ ಮೊದಲು ಆ ಚೀಟಿಯನ್ನೇ ಚುಚ್ಚಿದೆವು. ಎರಡು ದಿನ ಗೇಟು ನಿಜವಾಗಿಯೂ ಮೆಲ್ಲಗೆ ಬಿತ್ತು. ಮೂರನೇ ದಿನ ನೋಡುತ್ತೇನೆ, ಚೀಟಿಯ ಮೂಲೆಯಲ್ಲಿ ನೀಲಿ ಸೀಲು: 'ಅನುಮೋದಿಸಲಾಗಿದೆ'.